ಕಪ್ಪು ಕಟ್ಟಿನಲ್ಲಿ ಬೇಯುವ ಅನ್ನ: ಹೈಟಿಯ ಜೊಂಜೊಂ, ಸೀಗಡಿ ಸಮೇತ

"ಅಣಬೆ ಅನ್ನ ಅಂದ್ರಿ, ಅಣಬೆ ಎಲ್ಲಿ?" ಕೆರಿಬಿಯನ್ ದೇಶವಾದ ಹೈಟಿಯ ಜೊಂಜೊಂ ಅನ್ನದ ವಿಷಯದಲ್ಲಿ ನನಗೆ ಬರುವ ಮೊದಲ ಪ್ರಶ್ನೆ ಯಾವಾಗಲೂ ಇದೇ. ಎರಡನೆಯದು, "ನಮ್ಮನೇಲಿ ಕಪ್ಪಾಗಲೇ ಇಲ್ಲ, ಬೂದಿ ಬಣ್ಣಕ್ಕೆ ನಿಂತುಬಿಡ್ತು, ಯಾಕೆ?" ಮೂರನೆಯದು ಪ್ರಶ್ನೆಯಲ್ಲ, ಅಳಲು: "ಸೀಗಡಿ ರಬ್ಬರ್ ಆಯ್ತು." ಒಬ್ಬೊಬ್ಬರಿಗೂ ಬೇರೆಬೇರೆಯಾಗಿ ಹೇಳಿ ಸಾಕಾಗಿದೆ. ಎಲ್ಲವನ್ನೂ ಒಂದೇ ಕಡೆ ಬರೆದಿಡುತ್ತಿದ್ದೇನೆ.

ಬಸ್ಸಾರು ಮಾಡಿ ಗೊತ್ತಿರುವವರಿಗೆ ಮೊದಲ ಪ್ರಶ್ನೆಯ ಉತ್ತರ ತಾನಾಗಿಯೇ ಹೊಳೆಯುತ್ತದೆ. ಬಸ್ಸಾರಿನ ಜೀವ ಇರುವುದು ಸೊಪ್ಪು, ಕಾಳು ಬೇಯಿಸಿ ಬಸಿದ ಕಟ್ಟಿನಲ್ಲಿ ತಾನೆ? ಇಲ್ಲೂ ಹಾಗೆಯೇ. ಒಣ ಅಣಬೆಯನ್ನು ನೆನೆಸಿ, ಕುದಿಸಿ, ಹಿಂಡಿ, ಅದು ಬಿಟ್ಟ ಕಪ್ಪು ಕಟ್ಟಿನಲ್ಲಿ ಅಕ್ಕಿ ಬೇಯಿಸುತ್ತಾರೆ. ವ್ಯತ್ಯಾಸ ಇಷ್ಟೇ, ಬಸ್ಸಾರಿನಲ್ಲಿ ಬಸಿದ ಕಾಳು ಪಲ್ಯವಾಗುತ್ತದೆ, ಇಲ್ಲಿ ಹಿಂಡಿದ ಅಣಬೆ ಬಹುಪಾಲು ಮನೆಗಳಲ್ಲಿ ಕಸದ ಬುಟ್ಟಿಗೆ ಹೋಗುತ್ತದೆ. ಅದರ ಕಾಂಡ ನಾರುನಾರು, ಅಗಿಯಲು ಆಗುವುದಿಲ್ಲ. ಕೆಲವರು ಟೊಪ್ಪಿಗಳನ್ನಷ್ಟೇ ಆರಿಸಿ ಅನ್ನದಲ್ಲಿ ಬಿಡುತ್ತಾರೆ, ಅದೂ ಸರಿಯೇ. ಒಟ್ಟಿನಲ್ಲಿ ಈ ಅಡುಗೆಯಲ್ಲಿ ಕಾಪಾಡಬೇಕಾದದ್ದು ಅಣಬೆಯನ್ನಲ್ಲ, ಅದರ ನೀರನ್ನು. ಇಷ್ಟು ಮನಸ್ಸಿನಲ್ಲಿದ್ದರೆ ಮುಂದೆ ಹೇಳುವ ಅರ್ಧ ಎಚ್ಚರಿಕೆಗಳನ್ನು ನೀವೇ ಊಹಿಸಬಹುದು.

ಹೆಸರಿನ ಬಗ್ಗೆ ಎರಡು ಮಾತು. ಹೈಟಿಯ ಕ್ರೆಯೋಲ್ ಭಾಷೆಯಲ್ಲಿ ದಿರಿ ಎಂದರೆ ಅಕ್ಕಿ, ಅನ್ನ ಎರಡೂ. ಫ್ರೆಂಚಿನಿಂದ ಬಂದ ಪದ. ಜೊಂಜೊಂ ಎಂದರೆ ಅಣಬೆ. 'ದಿರಿ ಆಕ್ ಜೊಂಜೊಂ', ಅಂದರೆ ಅಣಬೆಯೊಂದಿಗೆ ಅನ್ನ. ಈ ಅಣಬೆ ಸ್ಯಾಥಿರೆಲ್ಲಾ ಎಂಬ ಕುಲಕ್ಕೆ ಸೇರಿದ್ದು, ಹೈಟಿಯ ಉತ್ತರ ಭಾಗದ್ದು. ಕ್ಯಾಪ್ ಹೈಟಿಯನ್ ಪಟ್ಟಣದ ಸುತ್ತಿನ ಸೀಮೆಯ ಹೆಮ್ಮೆ ಅದು. ದಿನನಿತ್ಯದ ಅನ್ನವಲ್ಲ. ಮದುವೆ, ಕ್ರಿಸ್‌ಮಸ್, ಚರ್ಚಿನಲ್ಲಿ ಮಕ್ಕಳ ಮೊದಲ ಕಮ್ಯುನಿಯನ್ ವಿಧಿ, ನೆಂಟರು ಬಂದ ಭಾನುವಾರ ಇಂಥದ್ದಕ್ಕೆ ಮಾಡುವುದು. ಸೀಗಡಿ ಇಲ್ಲದೆ ಮಾಡುವುದೇ ಹೆಚ್ಚು ರೂಢಿ. ಹಾಗಾಗಿ ಸಸ್ಯಾಹಾರಿಗಳು 3 ಮತ್ತು 4ನೇ ಹಂತಗಳನ್ನು ಹಾರಿಸಿ ಓದಿಕೊಳ್ಳಿ, ರುಚಿಯಲ್ಲಿ ನಿಮಗೇನೂ ಮೋಸವಿಲ್ಲ.

ಏನೇನು ಬೇಕು (ನಾಲ್ಕು ಜನಕ್ಕೆ)

ಇಲ್ಲಿ ಕಪ್ ಎಂದರೆ 240 ಮಿಲಿಲೀಟರಿನ ಅಳತೆ ಕಪ್. ಕಾಫಿ ಲೋಟ ಬಳಸುವುದಾದರೆ ಎಲ್ಲಕ್ಕೂ ಅದೇ ಲೋಟ ಇರಲಿ.

ಕಟ್ಟಿಗೆ: ಒಣ ಜೊಂಜೊಂ ಒತ್ತದೆ ಅಳೆದು 2 ಕಪ್, ತೂಕದಲ್ಲಾದರೆ ಸುಮಾರು 50 ಗ್ರಾಂ. ನೀರು ಐದೂವರೆ ಕಪ್.

ಅನ್ನಕ್ಕೆ: ಉದ್ದಕಾಳಿನ ಅಕ್ಕಿ 2 ಕಪ್, ಹಸಿ ಬಟಾಣಿ ಅಥವಾ ಲೈಮಾ ಬೀನ್ಸ್ ಮುಕ್ಕಾಲು ಕಪ್, ಇಡೀ ಲವಂಗ 4, ಥೈಮ್ ಎಂಬ ಪರಿಮಳದ ಸೊಪ್ಪು 3 ಕಡ್ಡಿ, ಇಡೀ ಸ್ಕಾಚ್ ಬಾನೆಟ್ ಮೆಣಸಿನಕಾಯಿ 1, ಎಣ್ಣೆ 3 ದೊಡ್ಡ ಚಮಚ, ಬೆಣ್ಣೆ 1 ದೊಡ್ಡ ಚಮಚ, ಉಪ್ಪು ಒಂದೂವರೆ ಚಿಕ್ಕ ಚಮಚ.

ಸೀಗಡಿ: ಸಿಪ್ಪೆ ಸಮೇತ ಅರ್ಧ ಕಿಲೋ, ಮಧ್ಯಮದಿಂದ ದೊಡ್ಡ ಗಾತ್ರದ್ದು. ಕುಂದಾಪುರದವರ ಚಟ್ಲಿ, ತುಳುವರ ಎಟ್ಟಿ, ಹೈಟಿಯವರ ಕ್ರೆವೆಟ್. ಒಣ ಸೀಗಡಿ ಬೇಡ, ಅದರ ವಾಸನೆಯ ಮುಂದೆ ಅಣಬೆ ಸೋತುಹೋಗುತ್ತದೆ.

ಎಪಿಸ್‌ಗೆ: ಈರುಳ್ಳಿ ಸೊಪ್ಪು 5 ಎಸಳು, ಬೆಳ್ಳುಳ್ಳಿ 8 ಎಸಳು, ಪಾರ್ಸ್ಲಿ ಒಂದು ಹಿಡಿ, ಹಸಿರು ದೊಣ್ಣೆ ಮೆಣಸಿನಕಾಯಿ ಅರ್ಧ, ಸಣ್ಣ ಈರುಳ್ಳಿ ಗಡ್ಡೆ ಒಂದು, ಥೈಮ್ ಎಲೆ ಒಂದು ಚಿಕ್ಕ ಚಮಚ, ಲವಂಗ 2, ನಿಂಬೆರಸ ಒಂದು ದೊಡ್ಡ ಚಮಚ, ಎಣ್ಣೆ 2 ದೊಡ್ಡ ಚಮಚ, ಚಿಟಿಕೆ ಉಪ್ಪು. ಎಪಿಸ್ ಎಂದರೆ ಹೈಟಿಯ ಅಡುಗೆಮನೆಯ ಹಸಿರು ಮಸಾಲೆ. ನಮ್ಮಲ್ಲಿ ರುಬ್ಬಿದ ಖಾರ ಇದ್ದಂತೆ ಅಲ್ಲಿ ಫ್ರಿಜ್ಜಿನಲ್ಲಿ ಒಂದು ಬಾಟಲಿ ಎಪಿಸ್ ಇರಲೇಬೇಕು. ಮಾಂಸ, ಮೀನು, ಅನ್ನ, ಸೂಪು ಎಲ್ಲದಕ್ಕೂ ಅದೇ ಅಡಿಪಾಯ.

ಪಾತ್ರೆ: ದಪ್ಪ ತಳದ್ದು, ಬಿಗಿಯಾದ ಮುಚ್ಚಳದ್ದು. ಹೈಟಿಯಲ್ಲಿ ಶೋಡ್ಯೆ ಎನ್ನುವ ಎರಕದ ಅಲ್ಯೂಮಿನಿಯಂ ಪಾತ್ರೆಯಲ್ಲಿ ಮಾಡುತ್ತಾರೆ. ನಾನ್‌ಸ್ಟಿಕ್ ಆದರೂ ಅನ್ನ ಆಗುತ್ತದೆ, ಆದರೆ ತಳದಲ್ಲಿ ಸಿಗುವ ಭಾಗ್ಯ ಸಿಗುವುದಿಲ್ಲ. ಅದೇನೆಂದು ಕೊನೆಯಲ್ಲಿ ಹೇಳುತ್ತೇನೆ.

ಜೊಂಜೊಂ ಎಲ್ಲಿ ಸಿಗುತ್ತದೆ?

ಅಮೆರಿಕ, ಕೆನಡಾದಲ್ಲಿರುವ ಕನ್ನಡಿಗರಿಗೆ ಕಷ್ಟವಿಲ್ಲ. ಬ್ರೂಕ್ಲಿನ್ನಿನ ಫ್ಲಾಟ್‌ಬುಶ್, ಮಯಾಮಿಯ ಲಿಟಲ್ ಹೈಟಿ, ಬಾಸ್ಟನ್ನಿನ ಮ್ಯಾಟಪನ್, ಮಾಂಟ್ರಿಯಲ್ ಇಲ್ಲೆಲ್ಲ ಹೈಟಿಯವರು ದೊಡ್ಡ ಸಂಖ್ಯೆಯಲ್ಲಿದ್ದಾರೆ. ಅಲ್ಲಿನ ಕೆರಿಬಿಯನ್ ದಿನಸಿ ಅಂಗಡಿಗಳಲ್ಲಿ ಸಣ್ಣ ಪ್ಯಾಕೆಟ್ ಕೇಳಿ. ಬೆಲೆ ನೋಡಿ ಹೌಹಾರಬೇಡಿ. ಕಾಡಿನಿಂದ ಆರಿಸಿ ಒಣಗಿಸಿ ತರುವ ಸರಕು, ದುಬಾರಿಯೇ. ಭಾರತದಲ್ಲಿರುವವರು ಅಲ್ಲಿಂದ ಬರುವ ನೆಂಟರ ಕೈಲಿ ತರಿಸಿಕೊಳ್ಳುವುದು ಸುಲಭದ ದಾರಿ. ಅಂಗಡಿಯ ಸೀಲ್ ಇರುವ ಪ್ಯಾಕೆಟ್ಟೇ ಆಗಿರಲಿ, ಕಸ್ಟಮ್ಸ್ ನಿಯಮವನ್ನು ಮೊದಲೇ ವಿಚಾರಿಸಿಕೊಳ್ಳಿ.

ಕೊಳ್ಳುವಾಗ ಟೊಪ್ಪಿ ಹೆಚ್ಚು, ಕಾಂಡ ಕಡಿಮೆ ಇರುವುದನ್ನು ಆರಿಸಿ. ಬಣ್ಣ ಗಾಢವಾಗಿರಬೇಕು, ಮುರಿದರೆ ಪಟಕ್ಕೆನ್ನಬೇಕು, ಮೂಸಿದರೆ ಮೊದಲ ಮಳೆ ಬಿದ್ದ ಕಾಡಿನ ನೆಲದ ವಾಸನೆ ಬರಬೇಕು. ಮೆತ್ತಗಿದ್ದರೆ ಅಥವಾ ಬೂಷ್ಟು ವಾಸನೆ ಇದ್ದರೆ ಮುಟ್ಟಬೇಡಿ.

ಸಿಗದಿದ್ದರೆ? ಮ್ಯಾಗಿಯವರದ್ದೇ ಜೊಂಜೊಂ ರುಚಿಯ ಕ್ಯೂಬ್ ಬರುತ್ತದೆ. ಹೊರದೇಶದಲ್ಲಿರುವ ಎಷ್ಟೋ ಹೈಟಿ ಮನೆಗಳಲ್ಲಿ ಅದೇ ನಡೆಯುತ್ತದೆ. ಬಣ್ಣ ಬರುತ್ತದೆ, ಪರಿಮಳ ಅರ್ಧ ಬರುತ್ತದೆ, ಉಪ್ಪು ಮಾತ್ರ ಎರಡು ಪಾಲು ಬರುತ್ತದೆ. ಕ್ಯೂಬ್ ಹಾಕಿದರೆ ಮೇಲಿನ ಪಟ್ಟಿಯ ಉಪ್ಪನ್ನು ಪೂರ್ತಿ ಬಿಟ್ಟು, ಕೊನೆಗೆ ರುಚಿ ನೋಡಿ ಬೇಕಾದರೆ ಸೇರಿಸಿ. ಸಸ್ಯಾಹಾರಿಗಳು ಪ್ಯಾಕೆಟ್ ಹಿಂದಿನ ಪಟ್ಟಿ ಓದದೆ ಕೊಳ್ಳಬೇಡಿ.

ಒಣ ಶಿಟಾಕೆಯಲ್ಲೂ ಮಾಡಬಹುದು. ರುಚಿಯಾದ ಅಣಬೆ ಅನ್ನ ಆಗುತ್ತದೆ, ಕಂದು ಬಣ್ಣದ್ದು. ಅದನ್ನು ಜೊಂಜೊಂ ಎಂದು ಹೈಟಿಯವರ ಮುಂದಿಡಬೇಡಿ, ಅಷ್ಟೆ. ಮಾರುಕಟ್ಟೆಯ ಬಿಳಿ ಬಟನ್ ಅಣಬೆಯಿಂದ ಮಾತ್ರ ಈ ಅಡುಗೆ ಆಗುವುದಿಲ್ಲ. ಅದರ ಮೈಯೆಲ್ಲ ನೀರೇ ಹೊರತು ಕಟ್ಟಾಗಿ ಇಳಿಯುವ ಸತ್ವ ಇಲ್ಲ.

ಇನ್ನೊಂದು ಮಾತು, ದಯವಿಟ್ಟು ಗಮನವಿಟ್ಟು ಓದಿ. ಮಳೆಗಾಲದಲ್ಲಿ ತೋಟದಲ್ಲಿ, ಗೊಬ್ಬರದ ಗುಂಡಿಯ ಪಕ್ಕದಲ್ಲಿ ಕಪ್ಪು ಶಾಯಿ ಬಿಡುವ ಸಣ್ಣ ಅಣಬೆಗಳು ಏಳುತ್ತವೆ. "ಇದೂ ಕಪ್ಪೇ ಅಲ್ವಾ, ಹಾಕಬಹುದಾ?" ಎಂದು ಕೇಳಿದವರಿದ್ದಾರೆ. ಖಂಡಿತ ಬೇಡ. ಅವು ಬೇರೆಯೇ ಜಾತಿ. ಶಾಯಿ ಅಣಬೆಗಳಲ್ಲಿ ಒಂದು ಬಗೆಯದನ್ನು ತಿಂದು ಮದ್ಯ ಕುಡಿದರೆ ಮುಖ ಕೆಂಪೇರಿ, ಎದೆ ಡವಗುಟ್ಟಿ, ವಾಂತಿ ಬರುತ್ತದೆ. ಬಣ್ಣ ನೋಡಿ ಅಣಬೆ ಗುರುತಿಸುವ ಧೈರ್ಯ ಯಾರೂ ಮಾಡಬಾರದು. ಜೊಂಜೊಂ ಬೇಕಾದರೆ ಪ್ಯಾಕೆಟ್ಟಿನದ್ದೇ.

1. ಕಟ್ಟು ತೆಗೆಯುವುದು

ಅಣಬೆಯನ್ನು ತಟ್ಟೆಯಲ್ಲಿ ಹರಡಿ ಕಡ್ಡಿ, ಒಣ ಎಲೆ, ಮಣ್ಣಿನ ಹೆಂಟೆ ಆರಿಸಿ ತೆಗೆಯಿರಿ. ಜರಡಿಗೆ ಹಾಕಿ ನಲ್ಲಿಯ ಕೆಳಗೆ ಐದು ಸೆಕೆಂಡು ಹಿಡಿದು ತೆಗೆದುಬಿಡಿ. ಅಕ್ಕಿ ತೊಳೆದ ಹಾಗೆ ಮೂರು ನೀರಿನಲ್ಲಿ ಉಜ್ಜಿ ತೊಳೆಯುವವರಿದ್ದಾರೆ. ಸಿಂಕಿನಲ್ಲಿ ಹರಿದುಹೋಗುವ ಆ ಬೂದು ನೀರೇ ನಿಮ್ಮ ಅನ್ನದ ಬಣ್ಣ. ಮಣ್ಣಿನ ಚಿಂತೆ ಬೇಡ, ಸೋಸುವಾಗ ನೋಡಿಕೊಳ್ಳೋಣ.

ಐದೂವರೆ ಕಪ್ ನೀರು ಕುದಿಸಿ, ಒಲೆ ಆರಿಸಿ, ಅಣಬೆ ಹಾಕಿ ಮುಚ್ಚಿಡಿ. ಕನಿಷ್ಠ ಅರ್ಧ ಗಂಟೆ. ಹಿಂದಿನ ರಾತ್ರಿಯೇ ನೆನೆಹಾಕಿ ತಣ್ಣಗಾದ ಮೇಲೆ ಫ್ರಿಜ್ಜಿನಲ್ಲಿಟ್ಟರೆ ಇನ್ನೂ ಒಳ್ಳೆಯದು. ಆಮೇಲೆ ಅದೇ ನೀರಿನ ಸಮೇತ ಒಲೆಗಿಟ್ಟು ಸಣ್ಣ ಉರಿಯಲ್ಲಿ 10 ನಿಮಿಷ ಕುದಿಸಿ. ಬರೀ ನೆನೆಸಿ ಸೋಸುವವರೂ ಇದ್ದಾರೆ, ಆದರೆ ಕುದಿಸಿದ ಕಟ್ಟಿನ ಗಾಢತೆಯೇ ಬೇರೆ ಎನ್ನುವುದು ನನ್ನ ಅನುಭವ.

ಈಗ ಬಟ್ಟೆಯಲ್ಲಿ ಸೋಸಬೇಕು. ಟೀ ಜರಡಿ ಸಾಲದು, ಸಣ್ಣ ಮರಳು ಅದರಿಂದ ಇಳಿದುಬಿಡುತ್ತದೆ. ಹಳೆಯ ಪಂಚೆಯ ತುಂಡು ಸಾಕು. ಒಳ್ಳೆಯ ಬಿಳಿ ಬಟ್ಟೆ ಬಳಸಬೇಡಿ, ನಮ್ಮ ಮನೆಯ ಮೊಸರು ಕಟ್ಟುವ ಬಟ್ಟೆ ಇವತ್ತಿಗೂ ಬೂದು ಬಣ್ಣದಲ್ಲೇ ಇದೆ. ಸ್ವಲ್ಪ ಆರಿದ ಮೇಲೆ ಅಣಬೆಯನ್ನು ಬಟ್ಟೆಯಲ್ಲಿ ಗಂಟು ಕಟ್ಟಿ, ಹುಣಸೆ ಹಿಂಡುವ ಹಾಗಲ್ಲ, ಬಟ್ಟೆ ಒಗೆದು ಹಿಂಡುವ ಹಾಗೆ ತಿರುಚಿ ಹಿಂಡಿ. ಕೊನೆಗೆ ಬೀಳುವ ನಾಲ್ಕು ಚಮಚವೇ ಅತ್ಯಂತ ಗಟ್ಟಿ. ಹತ್ತು ನಿಮಿಷ ಪಾತ್ರೆಯನ್ನು ಅಲುಗಾಡಿಸದೆ ಬಿಟ್ಟು, ಮೇಲಿನದನ್ನು ಬೇರೆ ಪಾತ್ರೆಗೆ ಬಗ್ಗಿಸಿ. ತಳದಲ್ಲಿ ನಿಂತ ಒಂದೆರಡು ಚಮಚ ಮರಳಿನ ನೀರನ್ನು ಚೆಲ್ಲಿಬಿಡಿ. ಇಲ್ಲಿ ಜಿಪುಣತನ ಮಾಡಿದರೆ ಊಟದಲ್ಲಿ ಹಲ್ಲಿಗೆ ಕರಕರ ಸಿಗುತ್ತದೆ.

ಪರೀಕ್ಷೆ ಹೀಗೆ: ಸ್ಟೀಲಿನ ದೊಡ್ಡ ಚಮಚದಲ್ಲಿ ಕಟ್ಟು ತೆಗೆದುಕೊಳ್ಳಿ. ಚಮಚದ ತಳ ಕಾಣಬಾರದು. ಕಾಣುತ್ತಿದ್ದರೆ ಮುಚ್ಚಳವಿಲ್ಲದೆ ಇನ್ನಷ್ಟು ಕುದಿಸಿ ಇಂಗಿಸಿ. ನಿಮಗೆ ಕೊನೆಗೆ ಬೇಕಾದದ್ದು ಮೂರೂವರೆಯಿಂದ ನಾಲ್ಕು ಕಪ್ ಮಾತ್ರ. ಕಪ್ಪಾಗಲಿಲ್ಲ ಎಂದು ಬರೆಯುವವರಲ್ಲಿ ಹೆಚ್ಚಿನವರು ತಪ್ಪುವುದು ಇಲ್ಲೇ: ಅಣಬೆ ಒಂದು ಹಿಡಿ, ನೀರು ಒಂದು ಕೊಡ. ಅಕ್ಕಿ ಹಾಕಿದ ಮೇಲೆ ಬಣ್ಣ ಸರಿಮಾಡಲು ದಾರಿಯೇ ಇಲ್ಲ.

2. ಎಪಿಸ್

ಪಟ್ಟಿಯಲ್ಲಿರುವುದನ್ನೆಲ್ಲ ಮಿಕ್ಸಿಗೆ ಹಾಕಿ ತರಿತರಿಯಾಗಿ ತಿರುವಿ. ನೀರು ಹಾಕಬೇಡಿ, ಎಣ್ಣೆ ಮತ್ತು ನಿಂಬೆರಸವೇ ಸಾಕು. ನುಣ್ಣಗೆ ಚಟ್ನಿಯಾದರೆ ಅನ್ನದಲ್ಲಿ ಹಸಿರು ಕೆಸರು ಕೂರುತ್ತದೆ.

ಪಾರ್ಸ್ಲಿ ಬದಲಿಗೆ ಕೊತ್ತಂಬರಿ ಆಗುತ್ತದಾ ಎಂದು ಕೇಳುತ್ತೀರಿ. ಸ್ವಲ್ಪ ಆಗುತ್ತದೆ. ಪೂರ್ತಿ ಅದೇ ಹಾಕಿದರೆ ಮನೆ ತುಂಬ ಪಲಾವಿನ ಘಮ, ನೀವು ಹೊರಟ ಊರೇ ಬೇರೆ. ಥೈಮ್ ಸಿಗದಿದ್ದರೆ ನಮ್ಮ ಹಿತ್ತಲಲ್ಲೇ ಒಂದು ಉಪಾಯವಿದೆ: ದೊಡ್ಡಪತ್ರೆ. ಕೆರಿಬಿಯನ್ನಿನ ಕೆಲವು ದ್ವೀಪಗಳಲ್ಲಿ ಇದನ್ನು ದಪ್ಪ ಎಲೆಯ ಥೈಮ್ ಎಂದೇ ಕರೆದು ಮೀನು, ಮಾಂಸದ ಮಸಾಲೆಗೆ ಹಾಕುತ್ತಾರೆ. ಆದರೆ ಘಾಟು ಜಾಸ್ತಿ, ಎಪಿಸ್‌ಗೆ ಎರಡು ಎಲೆ, ಅನ್ನಕ್ಕೆ ಒಂದು ಎಲೆ ಸಾಕು.

ಜೀರಿಗೆ, ಗರಂ ಮಸಾಲೆ, ಶುಂಠಿ, ಅರಿಸಿನ ಯಾವುದೂ ಬೇಡ. ಕೈ ತಾನಾಗಿಯೇ ಮಸಾಲೆ ಡಬ್ಬಿಯ ಕಡೆ ಹೋಗುತ್ತದೆ, ಗೊತ್ತು. ತಡೆದುಕೊಳ್ಳಿ. ಈ ಅನ್ನಕ್ಕೆ ಬೇಕಿರುವ ಒಂದೇ ಗರಂ ಮಸಾಲೆ ಲವಂಗ. ಟೊಮೇಟೊ ಕೂಡ ಬೇಡ, ಕಪ್ಪಿನ ಮೇಲೆ ಕೆಂಪು ಕೂತರೆ ಬಣ್ಣ ಕೆಸರಾಗುತ್ತದೆ.

3. ಸೀಗಡಿ ತಯಾರಿ

ಫ್ರೋಜನ್ ಆದರೆ ಹಿಂದಿನ ರಾತ್ರಿ ಫ್ರೀಜರಿನಿಂದ ಫ್ರಿಜ್ಜಿನ ಕೆಳಗಿನ ಅರೆಗೆ ಇಳಿಸಿ. ಬಿಸಿನೀರಿನಲ್ಲಿ ಹಾಕಿ ಕರಗಿಸಿದರೆ ಅಂಚು ಬೆಂದು ನಡು ಹೆಪ್ಪಾಗಿಯೇ ಉಳಿಯುತ್ತದೆ. ಪ್ಯಾಕೆಟ್ಟಿನ ಮೇಲೆ ಫಾಸ್ಫೇಟ್ ಎಂದು ಬರೆದಿದ್ದರೆ ಸಾಧ್ಯವಾದರೆ ಬೇರೆಯದು ಕೊಳ್ಳಿ. ನೀರು ಹಿಡಿದಿಡಲೆಂದು ಹಾಕುವ ಲವಣ ಅದು. ಬಾಣಲೆಗೆ ಬಿದ್ದೊಡನೆ ಆ ನೀರೆಲ್ಲ ಬಿಟ್ಟು, ಸೀಗಡಿ ಹುರಿಯುವ ಬದಲು ಬೇಯತೊಡಗುತ್ತದೆ.

ತಲೆ, ಸಿಪ್ಪೆ ಬಿಡಿಸಿ ಬೇರೆ ಇಡಿ, ಬಿಸಾಡಬೇಡಿ. ಬೆನ್ನು ಸೀಳಿ ಕಪ್ಪು ದಾರ ಎಳೆದು ತೆಗೆಯಿರಿ. ಎಲ್ಲರೂ ನರ ಎನ್ನುತ್ತಾರೆ, ಅದು ಕರುಳು. ನಿಂಬೆಹೋಳು ಮತ್ತು ಉಪ್ಪಿನಲ್ಲಿ ಮೃದುವಾಗಿ ತಿಕ್ಕಿ ಕೂಡಲೇ ತೊಳೆದುಬಿಡಿ. ಮೀನು ಮಾಂಸವನ್ನು ಹುಳಿಯಲ್ಲಿ ತೊಳೆಯುವ ಈ ರೂಢಿ ಹೈಟಿಯಲ್ಲಿ ಬಲು ಗಟ್ಟಿ. ಅಲ್ಲಿ ಹುಳಿ ಕಿತ್ತಳೆಯನ್ನೂ ಬಳಸುತ್ತಾರೆ. ಆದರೆ ನಿಂಬೆರಸದಲ್ಲಿ ಅರ್ಧ ಗಂಟೆ ಬಿಟ್ಟರೆ ಹುಳಿಯೇ ಸೀಗಡಿಯನ್ನು ಬೇಯಿಸಿದಂತೆ ಬೆಳ್ಳಗೆ, ಗಟ್ಟಿಯಾಗಿ ಮಾಡಿಬಿಡುತ್ತದೆ.

ಬಟ್ಟೆಯಲ್ಲಿ ಒತ್ತಿ ತೇವ ತೆಗೆದು, ಎರಡು ದೊಡ್ಡ ಚಮಚ ಎಪಿಸ್, ಚಿಟಿಕೆ ಉಪ್ಪು ಸವರಿ ಫ್ರಿಜ್ಜಿನಲ್ಲಿ 20 ನಿಮಿಷ. ಅದಕ್ಕಿಂತ ಹೆಚ್ಚು ಬೇಡ, ಎಪಿಸ್‌ನಲ್ಲೂ ನಿಂಬೆ ಇದೆ.

ಮನೆಗೆ ಬಂದವರಿಗೆ ಬಡಿಸುವುದಾದರೆ ಸೀಗಡಿ, ಏಡಿ ಒಗ್ಗದವರು ಇದ್ದಾರೆಯೇ ಎಂದು ಮೊದಲೇ ಕೇಳಿ. ಅಲರ್ಜಿ ಇರುವವರಿಗೆ ಸೀಗಡಿ ಪಕ್ಕಕ್ಕೆ ಸರಿಸಿ ಅನ್ನ ಬಡಿಸಿದರೆ ಸಾಲದು, ಅವರಿಗೆ ಬೇರೆ ಪಾತ್ರೆಯಲ್ಲೇ ಮಾಡಬೇಕು.

4. ಸೀಗಡಿ ಹುರಿದು ತೆಗೆದಿಡುವುದು

ಅನ್ನ ಮಾಡುವ ಪಾತ್ರೆಯಲ್ಲೇ 3 ದೊಡ್ಡ ಚಮಚ ಎಣ್ಣೆ ಕಾಯಿಸಿ. ಶೇಂಗಾ ಎಣ್ಣೆ, ಸೂರ್ಯಕಾಂತಿ ಯಾವುದಾದರೂ ಸರಿ. ಕರಾವಳಿಯವರು ಕೊಬ್ಬರಿ ಎಣ್ಣೆಯನ್ನು ಇವತ್ತೊಂದು ದಿನ ಬದಿಗಿಡಿ, ಅದರ ಪರಿಮಳ ಅಣಬೆಯದನ್ನು ನುಂಗಿಹಾಕುತ್ತದೆ. ಮೊದಲು ತಲೆ, ಸಿಪ್ಪೆಗಳನ್ನು ಹಾಕಿ ಮೂರು ನಿಮಿಷ ಹುರಿಯಿರಿ. ಎಣ್ಣೆ ಕಿತ್ತಳೆ ಬಣ್ಣಕ್ಕೆ ತಿರುಗಿ ಘಮ್ಮೆನ್ನುತ್ತದೆ. ಸಿಪ್ಪೆಯನ್ನು ಜಾಲರಿ ಸೌಟಿನಲ್ಲಿ ತೆಗೆದು ಬಿಸಾಡಿ. ಇದು ಹೈಟಿಯ ಸಂಪ್ರದಾಯವೇನಲ್ಲ, ನಾನು ಸೇರಿಸಿಕೊಂಡದ್ದು. ಸಿಪ್ಪೆ ಕುದಿಸಿ ರಸ ಮಾಡಿ ಕಟ್ಟಿಗೆ ಬೆರೆಸುವವರಿದ್ದಾರೆ. ನನಗದು ಒಪ್ಪಿಗೆಯಿಲ್ಲ, ಕಟ್ಟು ತೆಳುವಾಗುತ್ತದೆ, ಸೀಗಡಿಯೇ ಯಜಮಾನನಾಗಿ ಕೂರುತ್ತದೆ. ಎಣ್ಣೆಯಲ್ಲಿ ಅದರ ನೆನಪಿದ್ದರೆ ಸಾಕು.

ಅದೇ ಎಣ್ಣೆಯಲ್ಲಿ ಜೋರು ಉರಿಯಲ್ಲಿ ಸೀಗಡಿಯನ್ನು ಒಂದರ ಮೇಲೊಂದು ಬೀಳದಂತೆ ಹರಡಿ. ಬೇಕಾದರೆ ಎರಡು ಸಲ ಮಾಡಿ. ಒಂದೊಂದು ಬದಿಗೆ ಒಂದರಿಂದ ಒಂದೂವರೆ ನಿಮಿಷ. ಗುರುತು ಸುಲಭ: ಸೀಗಡಿ ಕುಡುಗೋಲಿನ ಹಾಗೆ ಬಾಗಿದಾಗ ತೆಗೆಯಿರಿ, ಬಳೆಯ ಹಾಗೆ ಸುತ್ತಿಕೊಂಡರೆ ಹೊತ್ತು ಮೀರಿತು ಅಂತಲೇ ಲೆಕ್ಕ. ನಡುಭಾಗ ಇನ್ನೂ ಕೂದಲೆಳೆಯಷ್ಟು ಪಾರದರ್ಶಕವಾಗಿದ್ದಾಗಲೇ ತಟ್ಟೆಗೆ ತೆಗೆಯಬೇಕು, ಉಳಿದದ್ದು ಕೊನೆಯಲ್ಲಿ ಅನ್ನದ ಬಿಸಿಗೆ ಬೇಯುತ್ತದೆ. ಅಲ್ಲಿಯವರೆಗೆ ತಟ್ಟೆಯನ್ನು ಮುಚ್ಚಿ ಒಲೆಯ ಪಕ್ಕವೇ ಇಡಿ.

ರಬ್ಬರಿನ ಅಳಲಿಗೆ ಕಾರಣ ಒಂದೇ. ಬಿರಿಯಾನಿ ಮಾಡಿದ ಅಭ್ಯಾಸಕ್ಕೆ ಸೀಗಡಿಯನ್ನು ಅಕ್ಕಿಯ ಜೊತೆಗೇ ಹಾಕಿ 20 ನಿಮಿಷ ಮುಚ್ಚಿಡುತ್ತೀರಿ. ಮೂರು ನಿಮಿಷದ ಜೀವಿಗೆ 20 ನಿಮಿಷದ ಶಿಕ್ಷೆ.

5. ಅಕ್ಕಿ

ಎರಡು ಮೂರು ನೀರಿನಲ್ಲಿ ತೊಳೆದು ಜರಡಿಯಲ್ಲಿ ಬಸಿಯಲು ಬಿಡಿ. ನೆನೆಹಾಕಬೇಡಿ. ಬಾಸ್ಮತಿ ಅಂದರೆ ಅರ್ಧ ಗಂಟೆ ನೆನೆಸುವುದು ನಮಗೆಲ್ಲ ರೂಢಿ, ಇಲ್ಲಿ ಅದೇ ತಪ್ಪು. ನೆನೆದ ಕಾಳು ಸಾದಾ ನೀರನ್ನು ಹೊಟ್ಟೆತುಂಬ ಕುಡಿದಿರುತ್ತದೆ, ಕಪ್ಪು ಕಟ್ಟಿಗೆ ಜಾಗ ಎಲ್ಲಿ?

ಯಾವ ಅಕ್ಕಿಗೆ ಎಷ್ಟು ಕಟ್ಟು ಎನ್ನುವುದು ಮುಖ್ಯ. 2 ಕಪ್ ಅಕ್ಕಿಗೆ: ಸಾಧಾರಣ ಉದ್ದಕಾಳಿನದ್ದಕ್ಕೆ ಮೂರೂವರೆ ಕಪ್, ಬಾಸ್ಮತಿಗೆ ಮೂರೂಕಾಲು, ಉದ್ದಕಾಳಿನ ಕುಚ್ಚಲಕ್ಕಿಗೆ ನಾಲ್ಕು, ಹಳೆಯ ಸೋನಾ ಮಸೂರಿಗೂ ನಾಲ್ಕು. ಹೊಸ ಸೋನಾ ಮಸೂರಿ ಬೇಡ, ಮುದ್ದೆಯಾಗುತ್ತದೆ. ಬಾಸ್ಮತಿಗೆ ಅದರದ್ದೇ ಪರಿಮಳ ಇರುವುದರಿಂದ ನನ್ನ ಆಯ್ಕೆ ಅದಲ್ಲ.

ಹೈಟಿಯಲ್ಲೇ ಅಕ್ಕಿ ಬೆಳೆಯುತ್ತದೆ. ಆರ್ಟಿಬೊನೈಟ್ ಕಣಿವೆ ಅವರ ಭತ್ತದ ಕಣಜ. ಆದರೆ 1990ರ ದಶಕದ ನಡುವಿನಲ್ಲಿ ಆಮದು ಸುಂಕವನ್ನು ಶೇ. 3ಕ್ಕೆ ಇಳಿಸಿದ ಮೇಲೆ ಅಮೆರಿಕದ ಅಗ್ಗದ ಅಕ್ಕಿ ನುಗ್ಗಿ ಅಲ್ಲಿನ ರೈತರು ನೆಲ ಕಚ್ಚಿದರು. ಆ ನೀತಿ ತಪ್ಪಾಗಿತ್ತೆಂದು 2010ರಲ್ಲಿ ಅಮೆರಿಕದ ಮಾಜಿ ಅಧ್ಯಕ್ಷ ಬಿಲ್ ಕ್ಲಿಂಟನ್ ಅವರೇ ಬಹಿರಂಗವಾಗಿ ಒಪ್ಪಿಕೊಂಡರು. ಇಂದು ಹೈಟಿಯ ಬಹುಪಾಲು ಮಡಕೆಗಳಲ್ಲಿ ಬೇಯುವುದು ಹೊರಗಿನ ಅಕ್ಕಿ. ಹಾಗಾಗಿ "ಅಸಲಿ ಅಕ್ಕಿ ಯಾವುದು" ಎಂಬ ನಿಮ್ಮ ಪ್ರಶ್ನೆಗೆ ಅಲ್ಲೇ ನೇರ ಉತ್ತರವಿಲ್ಲ.

6. ಬೇಯಿಸುವುದು

ಸೀಗಡಿ ತೆಗೆದ ಪಾತ್ರೆಯಲ್ಲಿ ಉಳಿದ ಎಣ್ಣೆಗೆ (ಸಸ್ಯಾಹಾರಿಗಳು 3 ದೊಡ್ಡ ಚಮಚ ಎಣ್ಣೆಯನ್ನು ಇಲ್ಲೇ ಕಾಯಿಸಿಕೊಳ್ಳಿ) 3 ದೊಡ್ಡ ಚಮಚ ಎಪಿಸ್, ಲವಂಗ ಹಾಕಿ ಮಧ್ಯಮ ಉರಿಯಲ್ಲಿ ಹಸಿವಾಸನೆ ಹೋಗುವವರೆಗೆ, ಅಂದರೆ ಎರಡು ಮೂರು ನಿಮಿಷ ಬಾಡಿಸಿ. ತಳಕ್ಕೆ ಅಂಟಿದ್ದನ್ನು ಮರದ ಸೌಟಿನಲ್ಲಿ ಕೆರೆದುಕೊಳ್ಳಿ. ಬಸಿದ ಅಕ್ಕಿ ಹಾಕಿ ಕಾಳುಕಾಳಿಗೂ ಎಣ್ಣೆ ಹತ್ತುವಂತೆ ಎರಡು ನಿಮಿಷ ಮಗುಚಿ. ಅಕ್ಕಿ ಮುರಿಯದಂತೆ ಕೈ ಹಗುರವಿರಲಿ.

ಅಳೆದ ಕಟ್ಟನ್ನು ಬಿಸಿಯಾಗಿಯೇ ಸುರಿಯಿರಿ. ಉಪ್ಪು, ಥೈಮ್ ಕಡ್ಡಿ ಹಾಕಿ. ಕಟ್ಟು ಕುದಿ ಬಂದಾಗ ಒಂದು ಚಮಚ ನಾಲಿಗೆಗೆ ಹಾಕಿ ನೋಡಿ, ಉಪ್ಪು ಒಂದು ಎಳೆ ಮುಂದೆ ಇರಬೇಕು. ಅಕ್ಕಿ ಹೀರಿದ ಮೇಲೆ ಅದು ಸಮಕ್ಕೆ ಬರುತ್ತದೆ.

ಈಗ ಸ್ಕಾಚ್ ಬಾನೆಟ್. ಹೈಟಿಯವರ ಪಿಮಾಂ ಬುಕ್. ಸಣ್ಣ ಟೊಪ್ಪಿಯಂತೆ ಸುಕ್ಕುಸುಕ್ಕಾದ, ಹಣ್ಣಿನ ಪರಿಮಳದ ಮೆಣಸಿನಕಾಯಿ. ಖಾರದ ಅಳತೆಯಾದ ಸ್ಕೋವಿಲ್‌ನಲ್ಲಿ ಇದು ಲಕ್ಷ ದಾಟುತ್ತದೆ. ಬ್ಯಾಡಗಿ ತಿಂದ ಧೈರ್ಯ ಇಲ್ಲಿ ನಡೆಯುವುದಿಲ್ಲ. ಇಡಿಯಾಗಿ, ತೊಟ್ಟಿನ ಸಮೇತ, ಸೀಳದೆ ಅಕ್ಕಿಯ ಮೇಲೆ ಕೂರಿಸಿ. ಬೇಕಿರುವುದು ಅದರ ಪರಿಮಳ, ಖಾರ ಅಲ್ಲ. ಹಾಕುವ ಮುಂಚೆ ಮೈಯಲ್ಲಿ ತೂತು, ಬಿರುಕು ಇದೆಯೇ ನೋಡಿ. ಸೌಟು ತಗುಲಿ ಒಡೆದರೆ ಇಡೀ ಪಾತ್ರೆ ಅನ್ನ ನಿಮ್ಮ ಕೈ ತಪ್ಪಿತು. ಸಿಗದಿದ್ದರೆ ಎರಡು ಹಸಿಮೆಣಸಿನಕಾಯಿ ಇಡಿಯಾಗಿ ಹಾಕಿ, ಹಣ್ಣಿನ ಪರಿಮಳವೊಂದು ಇರುವುದಿಲ್ಲ.

ಮುಚ್ಚಳವಿಲ್ಲದೆ ಕುದಿಯಲು ಬಿಡಿ. ಏಳೆಂಟು ನಿಮಿಷದಲ್ಲಿ ಕಟ್ಟು ಇಳಿದು, ಅಕ್ಕಿಯ ಮೇಲ್ಮೈ ಕಾಣಿಸಿ, ಏಡಿ ಬಿಲದಂಥ ಸಣ್ಣ ತೂತುಗಳು ಬೀಳುತ್ತವೆ. ಆಗ ಬಟಾಣಿಯನ್ನು ಮೇಲೆ ಹರಡಿ. ಫ್ರೋಜನ್ ಬಟಾಣಿಯಾದರೆ ಮೊದಲೇ ಕರಗಿಸಿ ನೀರು ಬಸಿದಿರಬೇಕು. ಲೈಮಾ ಬೀನ್ಸ್ ಆದರೆ ಬೇರೆಯಾಗಿ ಬೇಯಿಸಿಟ್ಟುಕೊಂಡಿರಬೇಕು, ಅಕ್ಕಿಯ ಜೊತೆಗೆ ಅದು ಬೇಯುವುದಿಲ್ಲ. ಬೆಣ್ಣೆ ಹಾಕಿ, ಉರಿಯನ್ನು ಆದಷ್ಟೂ ಸಣ್ಣ ಮಾಡಿ, ಬಿಗಿಯಾಗಿ ಮುಚ್ಚಿ. 18 ನಿಮಿಷ. ಕುಚ್ಚಲಕ್ಕಿಗೆ 22.

ನಡುವೆ ತೆರೆದು ನೋಡಬೇಡಿ, ಕಲಕಬೇಡಿ. ಮುಚ್ಚಳ ಸಡಿಲವಿದ್ದರೆ ಒದ್ದೆ ಬಟ್ಟೆ ಸುತ್ತಿ ಮುಚ್ಚಿ, ಬಟ್ಟೆಯ ತುದಿ ಉರಿಯ ಕಡೆ ಜೋತುಬೀಳದಂತೆ ಮೇಲೆ ಮಡಚಿ.

ಕುಕ್ಕರಿನಲ್ಲಿ ಆಗುತ್ತದಾ? ಆಗುತ್ತದೆ. 2 ಕಪ್ ಅಕ್ಕಿಗೆ ಮೂರು ಕಪ್ ಕಟ್ಟು, ಒಂದು ಸೀಟಿ, ಒತ್ತಡ ತಾನಾಗಿ ಇಳಿಯುವವರೆಗೆ ಕಾಯಿರಿ. ಇಡೀ ಮೆಣಸಿನಕಾಯಿಯನ್ನು ಮಾತ್ರ ಹಾಕಬೇಡಿ, ಒತ್ತಡಕ್ಕೆ ಒಡೆಯುತ್ತದೆ. ವಿದ್ಯುತ್ ರೈಸ್ ಕುಕ್ಕರಿನಲ್ಲಿ ಇನ್ನೂ ಸಲೀಸು: ಬಾಡಿಸುವುದನ್ನೆಲ್ಲ ಬಾಣಲೆಯಲ್ಲಿ ಮುಗಿಸಿ ಅದಕ್ಕೆ ಸುರಿದರಾಯಿತು.

7. ಸೀಗಡಿ ಸೇರಿಸುವುದು

ಒಲೆ ಆರಿಸಿದ ಮೇಲೆ ಮುಚ್ಚಳ ತೆರೆದು, ಮೆಣಸಿನಕಾಯಿಯನ್ನು ತೊಟ್ಟು ಹಿಡಿದು ಮೆಲ್ಲಗೆ ಎತ್ತಿಬಿಡಿ. ಥೈಮ್ ಕಡ್ಡಿ ತೆಗೆಯಿರಿ. ಸೀಗಡಿಯನ್ನೂ ತಟ್ಟೆಯಲ್ಲಿ ಇಳಿದ ಅದರ ರಸವನ್ನೂ ಅನ್ನದ ಮೇಲೆ ಹರಡಿ ಮತ್ತೆ ಮುಚ್ಚಿ 8ರಿಂದ 10 ನಿಮಿಷ ಬಿಡಿ. ಒಂದು ಸೀಗಡಿ ಮುರಿದು ನೋಡಿ, ಒಳಗೆ ಪೂರ್ತಿ ಬೆಳ್ಳಗಾಗಿರಬೇಕು. ಇನ್ನೂ ಗಾಜಿನಂತಿದ್ದರೆ ಸಣ್ಣ ಉರಿಯಲ್ಲಿ ಎರಡು ನಿಮಿಷ. ಆಮೇಲೆ ಫೋರ್ಕಿನಿಂದಲೋ ಚಪ್ಪಟೆ ಸೌಟಿನಿಂದಲೋ ಬದಿಯಿಂದ ಎತ್ತಿ ಎತ್ತಿ ಬಿಡಿಸಿ. ತಳವನ್ನು ಸದ್ಯಕ್ಕೆ ಕೆದಕಬೇಡಿ.

ಕಾಳು ಬಿಡಿಬಿಡಿಯಾಗಿ, ಮೋಡ ಕವಿದ ಬಣ್ಣದಲ್ಲಿ, ಅಲ್ಲಲ್ಲಿ ಹಸಿರು ಬಟಾಣಿ, ಕಿತ್ತಳೆ ಸೀಗಡಿ ಕಂಡರೆ ಗೆದ್ದಿರಿ. ಇದ್ದಿಲಿನಂಥ ಕಪ್ಪನ್ನು ನಿರೀಕ್ಷಿಸಬೇಡಿ. ಚಿತ್ರಗಳಲ್ಲಿ ಕಾಣುವ ಅಷ್ಟು ಕಪ್ಪಿನ ಹಿಂದೆ ಅಣಬೆಯ ಜೊತೆ ಕ್ಯೂಬೂ ಸೇರಿರುವುದುಂಟು.

ಹುರಿದ ಗೋಡಂಬಿ ಉದುರಿಸುವವರೂ ಉಂಟು. ಕೋಳಿಯನ್ನು ಗೋಡಂಬಿ ಹಾಕಿ ಮಾಡುವುದು ಉತ್ತರ ಹೈಟಿಯ ಹೆಸರುವಾಸಿ ಅಡುಗೆ, ಅದೇ ಸೀಮೆಯ ಅನ್ನಕ್ಕೂ ಅದು ಒಪ್ಪುತ್ತದೆ.

ಜೊತೆಗೆ ಏನು?

ಪಿಕ್ಲಿಜ್ ಇರಲೇಬೇಕು ಎನ್ನುತ್ತೇನೆ. ಎಲೆಕೋಸು, ಕ್ಯಾರೆಟ್, ಈರುಳ್ಳಿ ಸಣ್ಣಗೆ ಹೆಚ್ಚಿ, ಸ್ಕಾಚ್ ಬಾನೆಟ್ ಸೀಳಿ ಹಾಕಿ, ಉಪ್ಪು, ಲವಂಗ, ಕಾಳುಮೆಣಸು ಸೇರಿಸಿ, ಮುಳುಗುವಷ್ಟು ವಿನೆಗರ್ ಹೊಯ್ದು ಗಾಜಿನ ಬಾಟಲಿಯಲ್ಲಿ ಮುಚ್ಚಿಡುವ ಹಸಿ ಉಪ್ಪಿನಕಾಯಿ. ಒಂದು ದಿನ ಮೊದಲೇ ಮಾಡಿ ಫ್ರಿಜ್ಜಿನಲ್ಲಿಡಿ. ಹೆಚ್ಚುವಾಗ ಕೈಗವಸು ಹಾಕಿ, ಆ ಕೈಯನ್ನು ಕಣ್ಣಿನ ಹತ್ತಿರ ಒಯ್ಯಬೇಡಿ. ಬನಾನ್ ಪೆಜೆ ಇನ್ನೊಂದು ಜೊತೆಗಾರ: ಹಸಿ ಬಾಳೆಕಾಯಿಯ ದಪ್ಪ ಬಿಲ್ಲೆಗಳನ್ನು ಒಮ್ಮೆ ಕರಿದು, ಒತ್ತಿ ಚಪ್ಪಟೆ ಮಾಡಿ, ಉಪ್ಪುನೀರಿನಲ್ಲಿ ಅದ್ದಿ ಮತ್ತೆ ಕರಿಯುವುದು. ಎರಡನೇ ಸಲ ಎಣ್ಣೆ ಸಿಡಿಯುತ್ತದೆ, ಬಿಲ್ಲೆಯನ್ನು ಬಟ್ಟೆಯಲ್ಲಿ ಒರೆಸಿಯೇ ಹಾಕಿ. ಇಷ್ಟೆಲ್ಲ ಆಗದಿದ್ದರೆ ಒಂದು ಬೆಣ್ಣೆಹಣ್ಣು ಹೋಳು ಮಾಡಿ ಉಪ್ಪು ಚಿಮುಕಿಸಿದರೂ ಊಟ ಕಳೆಗಟ್ಟುತ್ತದೆ.

ಉಳಿದರೆ

ಅನ್ನವನ್ನು ಪಾತ್ರೆಯಲ್ಲೇ ರಾತ್ರಿಯಿಡೀ ಹೊರಗೆ ಬಿಡಬೇಡಿ. ಬೆಂದ ಅನ್ನದಲ್ಲಿ ಬೆಳೆಯುವ ಬ್ಯಾಸಿಲಸ್ ಸೀರಿಯಸ್ ಎಂಬ ಬ್ಯಾಕ್ಟೀರಿಯಾ ಬಿಟ್ಟ ವಿಷ ಮತ್ತೆ ಬಿಸಿಮಾಡಿದರೂ ಹೋಗದು, ಮೇಲೆ ಇದರಲ್ಲಿ ಸೀಗಡಿ ಬೇರೆ ಇದೆ. ಅಗಲ ತಟ್ಟೆಯಲ್ಲಿ ಹರಡಿ ಆರಿಸಿ, ಒಂದೆರಡು ಗಂಟೆಯೊಳಗೆ ಫ್ರಿಜ್ಜಿಗೆ ಸೇರಿಸಿ, ಮರುದಿನವೇ ಮುಗಿಸಿ. ಬಿಸಿ ಮಾಡುವಾಗ ಸೀಗಡಿ ಆರಿಸಿ ತೆಗೆದು, ಅನ್ನ ಚೆನ್ನಾಗಿ ಹೊಗೆಯಾಡಿದ ಮೇಲೆ ಕೊನೆಯ ಎರಡು ನಿಮಿಷಕ್ಕೆ ವಾಪಸು ಹಾಕಿ. ಕಟ್ಟು ಉಳಿದಿದ್ದರೆ ಐಸ್ ಟ್ರೇಯಲ್ಲಿ ಹೆಪ್ಪಾಗಿಸಿಡಿ. ಅನ್ನ ಒಣಗಿದ್ದರೆ ಸಾದಾ ನೀರು ಚಿಮುಕಿಸುವ ಬದಲು ಇದರ ಒಂದು ತುಂಡು ಹಾಕಿ ಬಿಸಿಮಾಡಬಹುದು.

ಇನ್ನು ಆ ತಳದ ವಿಷಯ. ಎಲ್ಲರಿಗೂ ಬಡಿಸಿ ಪಾತ್ರೆ ಖಾಲಿಯಾದ ಮೇಲೆ ಮಧ್ಯಮ ಉರಿಯಲ್ಲಿ ಎರಡು ನಿಮಿಷ ಇಟ್ಟು, ಆರಿಸಿ, ಮುಚ್ಚಿ ಐದು ನಿಮಿಷ ಬಿಡಿ. ತಳ ಹಿಡಿದ ಅನ್ನ ಹಪ್ಪಳದ ಹಾಗೆ ಎದ್ದು ಬರುತ್ತದೆ. ಹೈಟಿಯವರು ಗ್ರಾತೆಂ ಎನ್ನುತ್ತಾರೆ. ನಮ್ಮಲ್ಲಿ ತಳ ಹಿಡಿಯಿತು ಎಂದರೆ ಬೈಗುಳ, ಅಲ್ಲಿ ಅದಕ್ಕೆ ಮಕ್ಕಳು ಜಗಳಾಡುತ್ತಾರೆ. ಮರದ ಸೌಟಿನಿಂದ ಅಂಚು ಬಿಡಿಸಿ, ಅಡುಗೆ ಮಾಡಿದವರು ಮೊದಲ ತುಂಡು ತೆಗೆದುಕೊಳ್ಳಿ.